ಐದು ಸೊನ್ನೆ ಎರಡು

ನೀರು ಸರಬರಾಜು ಕಚೇರಿಯ ದೂರು ವಿಭಾಗದಲ್ಲಿ ಫೋನ್ ಎತ್ತುವುದು ನನ್ನ ಕೆಲಸ. ಬೈಸಿಕೊಳ್ಳುವುದಕ್ಕೆ ಸಂಬಳ ಕೊಡುವ ಕೆಲಸ ಎಂದು ನಾನೇ ಹೇಳಿಕೊಂಡು ತಿರುಗುತ್ತೇನೆ. ನಲ್ಲಿಯಲ್ಲಿ ನೀರು ಬರಲಿಲ್ಲವೆಂದರೆ ಜನ ನನ್ನ ವಂಶವನ್ನೇ ಜಾಲಾಡಿಬಿಡುತ್ತಾರೆ. ಇದಕ್ಕೆಲ್ಲ ಬೇಕಾದ ಗಟ್ಟಿ ಕಿವಿ ನನಗೆ ಅಪ್ಪನಿಂದ ಬಂದದ್ದು. ಅಪ್ಪನೂ ಬದುಕಿಡೀ ಕೇಳಿಸಿಕೊಂಡೇ ಸಂಬಳ ತಂದವನು. ಅವನಿಗೆ ಯಾರೂ ಬೈಯುತ್ತಿರಲಿಲ್ಲ, ಅಷ್ಟೇ ವ್ಯತ್ಯಾಸ.

ಅಪ್ಪನದು ಸರ್ಕಾರದ ಒಂದು ಕಚೇರಿ. ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಕೂತು, ಯಾವುದೋ ದೂರದ ದೇಶದಿಂದ ಶಾರ್ಟ್‌ವೇವ್‌ನಲ್ಲಿ ಯಾರೋ ಓದುವ ಅಂಕಿಗಳನ್ನು ಬರೆದುಕೊಳ್ಳಬೇಕು. ಹಾಡಿಲ್ಲ, ವಾರ್ತೆಯಿಲ್ಲ, ಬರೀ ಅಂಕಿ. ಯಾರು ಯಾರಿಗೆ ಕಳಿಸುವ ಗುಟ್ಟು ಅದು ಎಂದು ಅಪ್ಪನಿಗೆ ಗೊತ್ತಿರಲಿಲ್ಲ. ಬರೆದ ಹಾಳೆಗಳು ಮಹಡಿಯ ಮೇಲಿನ ಕೋಣೆಗೆ ಹೋಗುತ್ತಿದ್ದವು; ಅಲ್ಲಿಂದ ಉತ್ತರವೆಂದು ಒಂದು ಚೀಟಿಯೂ ಕೆಳಗಿಳಿದದ್ದಿಲ್ಲ. ಹಲವು ಭಾಷೆಗಳಲ್ಲಿ ಅಪ್ಪನಿಗೆ ಸೊನ್ನೆಯಿಂದ ಒಂಬತ್ತರವರೆಗೆ ನೀರು ಕುಡಿದಷ್ಟು ಸಲೀಸು. ಆದರೆ ಅವುಗಳಲ್ಲಿ ಒಂದರಲ್ಲೂ ಒಂದು ಲೋಟ ನೀರು ಕೇಳಲು ಬರುತ್ತಿರಲಿಲ್ಲ.

ಸಾಲದ್ದಕ್ಕೆ ಮನೆಯಲ್ಲೂ ಒಂದು ರೇಡಿಯೋ. ತನ್ನ ದೇಶಕ್ಕೆ ವಾಪಸಾಗುತ್ತಿದ್ದ ರಷ್ಯದ ಎಂಜಿನಿಯರೊಬ್ಬ ಅಪ್ಪನಿಗೆ ದಾಟಿಸಿಹೋದದ್ದು. ಎತ್ತಿದರೆ ಸೊಂಟ ಹಿಡಿದುಕೊಳ್ಳುವಷ್ಟು ಭಾರ. ಬ್ಯಾಂಡ್ ಬದಲಿಸುವ ದಪ್ಪ ಗುಂಡಿ ತಿರುಗಿಸಿದರೆ ಪಕ್ಕದ ಮನೆಗೂ ಕೇಳುವ ಹಾಗೆ ಕಟಕ್ ಎನ್ನುತ್ತಿತ್ತು. ನಿವೃತ್ತನಾದ ಮೇಲೂ ಅಪ್ಪ ಸಂಜೆ ಅದರ ಮುಂದೆ ಕೂತು, ಮುಳ್ಳನ್ನು ಕೂದಲೆಳೆಯಷ್ಟೇ ಸರಿಸುತ್ತ, ಅಂಕಿ ಓದುವ ಒಬ್ಬ ಹೆಂಗಸಿನ ದನಿಯನ್ನು ಹುಡುಕಿ ಹಿಡಿಯುತ್ತಿದ್ದ. ಅಮ್ಮ ಆ ರೇಡಿಯೋಗೆ ‘ನನ್ನ ಸವತಿ’ ಎನ್ನುತ್ತಿದ್ದಳು. ಬೈಯುತ್ತಲೇ ಅದರ ಧೂಳು ಒರೆಸುತ್ತಿದ್ದವಳೂ ಅವಳೇ.

ಮಾತಿನಲ್ಲಿ ಅಪ್ಪ ಮಹಾ ಜಿಪುಣ. ಅಮ್ಮನನ್ನು ಹೆಸರು ಹಿಡಿದು ಕರೆದದ್ದನ್ನು ನಾನು ಕೇಳಿಯೇ ಇಲ್ಲ. ‘ಇವಳೇ’ ಎಂದು ಒಂದು ಸಲ ಕರೆಯುತ್ತಿದ್ದ. ಆ ಪದ ಪೂರ್ತಿ ಬಾಯಿಂದ ಹೊರಬೀಳುವ ಮೊದಲೇ ಅಮ್ಮ ಅಡುಗೆಮನೆಯಿಂದ ‘ಬಂದೆ ರೀ’ ಎನ್ನುತ್ತಿದ್ದಳು. ಅವರ ಸಂಸಾರ ಬಹುಪಾಲು ಈ ಎರಡು ಮಾತುಗಳಲ್ಲೇ ನಡೆದುಹೋಯಿತು.

ಆಮೇಲೆ ಅಪ್ಪನಿಗೆ ಲಕ್ವ ಹೊಡೆಯಿತು. ವ್ಯಾಯಾಮ ಮಾಡಿಸಿದ ಮೇಲೆ ಬಲಗಾಲು ಅಷ್ಟೋ ಇಷ್ಟೋ ಹೇಳಿದ ಮಾತು ಕೇಳಿತು, ನಾಲಿಗೆ ಕೇಳಲಿಲ್ಲ. ಪದಗಳೆಲ್ಲ ಅಳಿಸಿಹೋಗಿ ಅಂಕಿಗಳು ಮಾತ್ರ ಉಳಿದಿದ್ದವು. ಹಸಿವಾದರೂ ಅಂಕಿ, ಸೆಕೆಯಾದರೂ ಅಂಕಿ. ಡಾಕ್ಟರು ಒಳ್ಳೆಯ ಮನುಷ್ಯ, ಸಮಾಧಾನವಾಗಿ ವಿವರಿಸಿದರು.

“ಕೆಲವರಿಗೆ ಹೀಗಾಗುತ್ತೆ. ಎಣಿಸೋದೊಂದು ಉಳ್ಕೊಂಡುಬಿಡುತ್ತೆ. ಒಂದೇ ಅಂಕಿ ಮತ್ತೆ ಮತ್ತೆ ಹೇಳಿದ್ರೆ ಗಾಬರಿಯಾಗಬೇಡಿ, ನಾಲಿಗೆ ಅಲ್ಲೇ ಸಿಕ್ಕಿಹಾಕ್ಕೊಂಡಿರುತ್ತೆ. ನಿಮ್ಮನ್ನೆಲ್ಲ ಗುರುತು ಹಿಡೀತಾರೋ ಇಲ್ವೋ, ಅದನ್ನ ಈಗ್ಲೇ ಹೇಳೋಕಾಗಲ್ಲ.”

ಫೋಟೋಗಳನ್ನು ಹರಡಿ, ಹೆಂಡತಿ ಯಾರೆಂದು ತೋರಿಸಲು ಹೇಳಿದರು. ಅಪ್ಪ ಎಡಗೈ ಎತ್ತಿ ಕಿಟಕಿ ತೋರಿಸಿದ.

ಅವತ್ತಿನಿಂದ ಅಮ್ಮನಿಗೆ ಅದೊಂದೇ ಕೊರಗು. ಅಪ್ಪನ ಮುಖ ಒರೆಸುತ್ತ, ಅಂಗಿಯ ಗುಂಡಿ ಹಾಕುತ್ತ, ಯಾರೂ ಇಲ್ಲದ ಹೊತ್ತು ನೋಡಿ, “ನಾನು ಯಾರು ಹೇಳಿ ನೋಡೋಣ,” ಎನ್ನುತ್ತಿದ್ದಳು. ಅಪ್ಪ ಅವಳನ್ನೇ ದಿಟ್ಟಿಸಿ, “ಐದು ಸೊನ್ನೆ ಎರಡು. ಐದು ಸೊನ್ನೆ ಎರಡು. ಐದು ಸೊನ್ನೆ ಎರಡು,” ಎಂದು, ಆಮೇಲೆ ಇನ್ನಷ್ಟು ಅಂಕಿಗಳನ್ನು ಒಂದರ ಹಿಂದೊಂದು ಸುರಿಯುತ್ತಿದ್ದ. ಅಮ್ಮ ಎದ್ದು ಅಡುಗೆಮನೆಗೆ ಹೋಗಿ ಸುಮ್ಮನೆ ಪಾತ್ರೆ ಸದ್ದು ಮಾಡುತ್ತಿದ್ದಳು.

ಒಂದು ದಿನ ನನ್ನ ಹತ್ತಿರ ಬಾಯಿಬಿಟ್ಟಳು. “ಮಾತು ಬರದೇ ಹೋದ್ರೆ ಹೋಗ್ಲಿ ಕಣೇ. ಬರ್ತಿದ್ದಾಗ ಏನು ಹರಿಕಥೆ ಮಾಡ್ತಿದ್ರಾ? ಕೊನೇತನಕ ಸೇವೆ ಮಾಡ್ತೀನಿ, ಅದೂ ಕಷ್ಟ ಇಲ್ಲ. ಆದ್ರೆ ಮಾಡ್ತಿರೋಳು ಯಾರೋ ಒಬ್ಬಳು ಆಯಾ ಅಂತ ಅಂದ್ಕೊಂಡಿದ್ರೆ? ಅದನ್ನ ಮಾತ್ರ ನನ್ನ ಕೈಲಿ ತಡ್ಕೊಳ್ಳೋಕೆ ಆಗಲ್ಲ.”

ಊರಿನವರ ಬೈಗುಳಕ್ಕೆಲ್ಲ ಉತ್ತರ ಕೊಡುವ ನಾನು ಅಮ್ಮನ ಮುಂದೆ ಪೆದ್ದಿಯ ಹಾಗೆ ನಿಂತಿದ್ದೆ.

ನಮ್ಮ ಯಜಮಾನರು ಹಾಗೆ ನಿಲ್ಲುವ ಪೈಕಿಯಲ್ಲ. ಅವರು ಶಾಲೆಯಲ್ಲಿ ಗಣಿತದ ಮೇಷ್ಟ್ರು. ಅಂಕಿ ಎಂದರೆ ಮೈಯೆಲ್ಲ ಕಿವಿ. ಮಾವ ಇಷ್ಟು ವರ್ಷ ಗುಟ್ಟಿನ ಅಂಕಿ ಬರೆದವರು, ಹಾಗಾದರೆ ಈಗ ಹೇಳುತ್ತಿರುವುದೂ ಗುಟ್ಟಿನ ಭಾಷೆಯೇ, ಬಿಡಿಸಿದರೆ ಸಾಕು ಎಂದು ಪತ್ತೇದಾರಿಕೆಗೆ ಇಳಿದರು. ಹಳೆಯ ಪ್ರಶ್ನೆಪತ್ರಿಕೆಗಳ ಹಿಂದುಗಡೆಯೆಲ್ಲ ಅಪ್ಪನ ಅಂಕಿಗಳು ತುಂಬಿದವು. ಕೂಡಿದರು, ಕಳೆದರು, ಅಕ್ಷರಮಾಲೆಗೆ ಹೊಂದಿಸಿದರು. ಒಮ್ಮೆ ಏನೋ ಹೊಳೆದು, “ಮಾವನಿಗೆ ಹಸಿರು ಸ್ವೆಟರ್ ಬೇಕಂತೆ,” ಎಂದು ಓಡಿಬಂದರು. ಆ ಬಿರುಬೇಸಿಗೆಯಲ್ಲಿ ಅಮ್ಮ ಪಾಪ ಬೀರು ತಡಕಿ ಸ್ವೆಟರ್ ತಂದು ಹಾಕಿಸಿದಳು. ಅಪ್ಪ ಎಡಗೈಯಲ್ಲಿ ಅದನ್ನು ಎಳೆದೆಳೆದು ಬೆವರಿ ನೀರಾದ.

“ಶುರುವಲ್ಲಿ ಮೂರಂಕಿ ಮೂರು ಸಲ ಬರುತ್ತಲ್ಲ, ಅದು ಬರೀ ತಡವರಿಕೆ,” ಎಂದು ಮೇಷ್ಟ್ರು ನನಗೆ ಪಾಠ ಮಾಡಿದರು. “ಡಾಕ್ಟರೇ ಹೇಳಿದಾರೆ. ಅದನ್ನ ಕಿತ್ತುಹಾಕಿ ಮುಂದಿನದನ್ನ ಮಾತ್ರ ಹಿಡೀಬೇಕು.”

“ಹಿಡೀರಿ,” ಎಂದೆ. “ಸ್ವೆಟರ್ ಆಯ್ತು, ಇನ್ನು ಟೋಪಿ ಬಾಕಿ.”

ಹೆಡ್‌ಫೋನ್ ಮಾವ ನಮ್ಮ ಮನೆಗೆ ಬಂದದ್ದು ಇದಾದ ಮೇಲೆ. ಅಪ್ಪನ ಪಕ್ಕದ ಕುರ್ಚಿಯಲ್ಲಿ ಕೂತು ಅದೇ ಕೆಲಸ ಮಾಡುತ್ತಿದ್ದವರು. ಕೆಲಸ ಮುಗಿಸಿ ಬಂದರೂ ಕಿವಿಯ ಸುತ್ತ ಕೆಂಪು ಗುರುತು ಹೋಗುತ್ತಿರಲಿಲ್ಲವಾದ್ದರಿಂದ ಚಿಕ್ಕಂದಿನಲ್ಲಿ ನಾನೇ ಇಟ್ಟ ಹೆಸರು ಅದು. ದೂರದಲ್ಲಿ ಮಗಳ ಮನೆಯಲ್ಲಿದ್ದ ಅವರಿಗೆ ಸುದ್ದಿ ತಡವಾಗಿ ಮುಟ್ಟಿತ್ತು. ಬಾಗಿಲಲ್ಲಿ ಅವರನ್ನು ಕಂಡದ್ದೇ ಅಪ್ಪ ಕುರ್ಚಿಯಲ್ಲಿ ನೆಟ್ಟಗಾದ.

“ಎರಡು ಆರು ಆರು. ಎರಡು ಆರು ಆರು. ಎರಡು ಆರು ಆರು.”

“ಇದೀನಪ್ಪಾ, ಇಲ್ಲೇ ಇದೀನಿ. ಹೇಳು,” ಎಂದು ಮಾವ ಪಕ್ಕದಲ್ಲಿ ಕೂತರು. ಅಪ್ಪ ಅಂಕಿಗಳನ್ನು ಹೇಳುತ್ತಾ ಹೋದ. ಮಾವ ಬೀದಿಯ ಸಮಾಚಾರ ಕೇಳುವವರ ಹಾಗೆ ತಲೆಯಾಡಿಸುತ್ತ, “ಹೌದಾ... ಅಯ್ಯೋ... ಆಮೇಲೆ?” ಎನ್ನುತ್ತಿದ್ದರು.

ಮೇಷ್ಟ್ರಿಗೆ ಕೂತಲ್ಲಿ ಕೂರಲಾಗಲಿಲ್ಲ. “ನಿಮಗೆ ಅರ್ಥ ಆಯ್ತಾ?”

“ಎಲ್ಲಿಂದ ಆಗಬೇಕು ಮೇಷ್ಟ್ರೇ? ಕೆಲಸದಲ್ಲಿದ್ದಾಗಲೇ ಒಂದು ದಿನಾನೂ ಅರ್ಥ ಆಗ್ಲಿಲ್ಲ. ಆದ್ರೆ ನನ್ನನ್ನ ಕರೆದದ್ದು ಗೊತ್ತಾಯ್ತಲ್ಲ.”

“ಯಾವಾಗ ಕರೆದ್ರು?”

ಮಾವ ನಮ್ಮೆಲ್ಲರ ಮುಖ ನೋಡಿದರು. ಎದ್ದು, ಅಮ್ಮ ರೇಡಿಯೋಗೆ ಹೊದಿಸಿದ್ದ ಬಟ್ಟೆ ತೆಗೆದರು. ಕಟಕ್, ಕಟಕ್ ಎಂದು ಗುಂಡಿ ತಿರುಗಿತು. ಗೊರಗೊರ ಸದ್ದಿನ ನಡುವೆ ಮುಳ್ಳು ಸ್ವಲ್ಪ ಹಿಂದೆ, ಸ್ವಲ್ಪ ಮುಂದೆ ಆಡಿತು. ಸಂಜೆಯಾಗುತ್ತಿತ್ತು, ಹೊರಗೆ ಬೀದಿದೀಪ ಹತ್ತಿಕೊಂಡಿತು. ಕಾದು ಕಾದು ಸಾಕಾಗುವ ಹೊತ್ತಿಗೆ ಆ ಹೆಂಗಸಿನ ದನಿ ಬಂತು. ಅಪ್ಪನ ತುಟಿ ಅವಳ ಜೊತೆಗೇ ಅಲುಗಾಡತೊಡಗಿತು.

“ಈಗ ಕೇಳಿ,” ಎಂದರು ಮಾವ. “ಶುರುವಲ್ಲಿ ಮೂರಂಕಿ. ಅದನ್ನೇ ಮತ್ತೆ ಮತ್ತೆ ಹೇಳ್ತಿದಾಳೆ. ಅದು ಯಾರಿಗೆ ಸುದ್ದಿ ಕಳಿಸ್ತಿದಾರೋ ಅವನ ಹೆಸರು. ಅವನು ಎಲ್ಲೋ ಒಬ್ಬನೇ ಕಿವಿಗೊಟ್ಟು ಕೂತಿರ್ತಾನೆ. ಮೊದಲು ಅವನನ್ನ ಕರೀಬೇಕು, ಆಮೇಲೆ ಸುದ್ದಿ. ನಿಮ್ಮಪ್ಪ ನನ್ನನ್ನ ಕರೆದದ್ದೂ ಹಾಗೇ.”

ಮೇಷ್ಟ್ರು ಮೆಲ್ಲಗೆ, “ನನ್ನ ಕಡೆ ನೋಡಿದಾಗೆಲ್ಲ ಒಂಬತ್ತು ಮೂರು ಒಂಬತ್ತು ಅಂತಾರೆ. ನಾನು ಅದನ್ನೇ ಕಿತ್ತುಹಾಕ್ತಿದ್ದೆ,” ಎಂದರು. ನನಗೆ ಅಪ್ಪ ಅನ್ನುತ್ತಿದ್ದದ್ದು ಏಳು ಏಳು ಒಂದು. ಕೆಲಸಕ್ಕೆ ಹೊರಡುವಾಗ, ವಾಪಸ್ ಬಂದಾಗ, ದಿನವೂ ಕೇಳಿದ್ದೆ. ಗಟ್ಟಿ ಕಿವಿಯವಳೆಂದು ಬೀಗುವ ನನಗೆ ಅದು ನನ್ನ ಹೆಸರೆಂದು ಹೊಳೆದಿರಲಿಲ್ಲ.

ಅಮ್ಮ ಚಹಾ ತಟ್ಟೆ ಹಿಡಿದು ಬಾಗಿಲಲ್ಲೇ ನಿಂತಿದ್ದಳು.

“ಐದು ಸೊನ್ನೆ ಎರಡು,” ಎಂದಳು. “ನನಗೆ ಯಾವಾಗ್ಲೂ ಅದೇ. ಬೇರೆ ಏನೂ ಅಂದಿಲ್ಲ.”

ಮೇಷ್ಟ್ರು ಎಷ್ಟಾದರೂ ಮೇಷ್ಟ್ರು. ಪರೀಕ್ಷೆಯಾಗದೆ ಯಾವುದನ್ನೂ ಒಪ್ಪುವವರಲ್ಲ. ರೇಡಿಯೋ ಆರಿಸಿ, ಅಪ್ಪನ ಕುರ್ಚಿಯನ್ನು ಕಿಟಕಿಯ ಕಡೆ ತಿರುಗಿಸಿ, ಒಬ್ಬೊಬ್ಬರಾಗಿ ಹಿಂದೆ ಹೋಗಿ ನಿಲ್ಲಬೇಕೆಂದರು. ಮೊದಲು ತಾವೇ ಚಪ್ಪಲಿ ಎಳೆಯುತ್ತ ಹೋದರು. ಒಂಬತ್ತು ಮೂರು ಒಂಬತ್ತು. ನಾನು ಹೋದೆ. ಏಳು ಏಳು ಒಂದು.

ಅಮ್ಮ ಮಾತ್ರ ಮುಂದೆ ಬರಲೊಲ್ಲಳು. “ನನಗೆ ಬೇಡ, ಸುಮ್ನಿರಿ,” ಎಂದಳು. ಅವಳ ಹೆದರಿಕೆ ನನಗೆ ಅರ್ಥವಾಯಿತು. ಅಪ್ಪ ತಪ್ಪು ಹೇಳಿದರೆ ಇದ್ದ ಒಂದು ಆಸೆಯೂ ಹೋಗುತ್ತದೆ. ನಾನೇ ಕೈ ಹಿಡಿದು ಕರೆದೊಯ್ದು ಕುರ್ಚಿಯ ಹಿಂದೆ ನಿಲ್ಲಿಸಿ, ಸರಿದು ನಿಂತೆ. ಕಳ್ಳಿಯ ಹಾಗೆ ಉಸಿರು ಬಿಗಿಹಿಡಿದು ನಿಂತಳು. ಅಪ್ಪ ಏನೂ ಅನ್ನಲಿಲ್ಲ. ಕಿಟಕಿಯಾಚೆ ಯಾರೋ ಸೈಕಲ್ ಗಂಟೆ ಹೊಡೆದು ಹೋದರು. ಅಪ್ಪ ಆಗಲೂ ಸುಮ್ಮನಿದ್ದ. ಅಮ್ಮನ ಕಣ್ಣು ತುಂಬಿತು, ಮೂಗಿಗೂ ನೀರು ಬಂತು. ತಡೆಯಲಾರದೆ ಒಮ್ಮೆ ಮೂಗು ಎಳೆದಳು.

“ಐದು ಸೊನ್ನೆ ಎರಡು,” ಎಂದ ಅಪ್ಪ, ತಿರುಗಿಯೂ ನೋಡದೆ. “ಐದು ಸೊನ್ನೆ ಎರಡು. ಐದು ಸೊನ್ನೆ ಎರಡು.”

ಅಮ್ಮ ಕುರ್ಚಿಯ ಬೆನ್ನಿಗೆ ಹಣೆ ಹಚ್ಚಿ ಅತ್ತಳು. ಅವಳು ಹಾಗೆ ಬಿಕ್ಕಿ ಅತ್ತದ್ದನ್ನು ನಾನು ನೋಡಿರಲಿಲ್ಲ. ನನಗೂ ಅಳು ಬಂತು. ಮೇಷ್ಟ್ರು ಪ್ರಶ್ನೆಪತ್ರಿಕೆಗಳನ್ನು ಮಡಿಸಿ ಜೇಬಿಗೆ ತುರುಕಿಕೊಂಡರು. ಆದರೂ ಹೊರಟುನಿಂತ ಹೆಡ್‌ಫೋನ್ ಮಾವನನ್ನು ಗೇಟಿನ ಹತ್ತಿರ ಹಿಡಿದು ನಿಲ್ಲಿಸಿದರು.

“ಹೆಸರೇನೋ ಸರಿ. ಆಮೇಲಿಂದೆಲ್ಲ ಏನು? ಸುದ್ದಿ ಏನು?”

ಮಾವ ನಕ್ಕರು. “ಎಷ್ಟೋ ಸಂಜೆ ಆ ರೇಡಿಯೋದವ್ರು ಕರೆದು, ಸುಮ್ನೆ ಸೊನ್ನೆ ಸೊನ್ನೆ ಸೊನ್ನೆ ಅಂತ ಮುಗಿಸಿಬಿಡ್ತಿದ್ರು. ಹೇಳೋಕೆ ಏನೂ ಇಲ್ಲ, ಆದ್ರೂ ಕರೀತಿದ್ರು. ನಿನ್ನನ್ನ ಮರೆತಿಲ್ಲ ಕಣಯ್ಯಾ ಅಂತ ತಿಳಿಸೋಕೆ ಇರಬೇಕು ಅಂತ ನಾವಿಬ್ರೂ ಮಾತಾಡ್ಕೋತಿದ್ವಿ.”

ಈಗ ರೇಡಿಯೋ ಮೇಲೆ ಬಟ್ಟೆಯಿಲ್ಲ. ಸಂಜೆ ಅಮ್ಮನೇ ಅಪ್ಪನ ಎಡಗೈಯನ್ನು ಗುಂಡಿಯ ಮೇಲಿಟ್ಟು, “ನೋಡಿ, ನಿಮ್ಮವಳು ಬಂದಳಾ?” ಎಂದು ಕೇಳುತ್ತಾಳೆ. ಅಪ್ಪನಿಗೆ ಪದಗಳು ವಾಪಸ್ ಬಂದಿಲ್ಲ. ಬರುವುದೂ ಕಷ್ಟ ಎಂದಿದ್ದಾರೆ ಡಾಕ್ಟರು. ಅಮ್ಮ ‘ನಾನು ಯಾರು’ ಎಂದು ಕೇಳುವುದನ್ನು ಬಿಟ್ಟಿದ್ದಾಳೆ.

ಮೊನ್ನೆ ನಾವಿಬ್ಬರೂ ಅಡುಗೆಮನೆಯಲ್ಲಿದ್ದಾಗ ಹೊರಗಿನಿಂದ ಅಪ್ಪನ ದನಿ ಕೇಳಿಸಿತು. ಐದು ಸೊನ್ನೆ ಎರಡು. ಅಮ್ಮ ಒಲೆ ಸಣ್ಣ ಮಾಡಿ, ಸೌಟು ಹಿಡಿದುಕೊಂಡು ಹಾಗೇ ನಿಂತಳು. ಎರಡನೇ ಸಲ ಕರೆದ. ಆಗಲೂ ಅಲುಗಲಿಲ್ಲ.

“ಅಮ್ಮಾ, ಅಪ್ಪ ಕರೀತಿದಾನೆ,” ಎಂದೆ.

“ಕೇಳಿಸ್ತು, ಸುಮ್ನಿರೇ. ಇನ್ನೊಂದು ಸಲ ಕರೀತಾರೆ.”

ಅಪ್ಪ ಮೂರನೇ ಸಲ ಕರೆದು ಮುಗಿಸುವವರೆಗೂ ಕಾದಳು. ಆಮೇಲೆ ಸೆರಗಿಗೆ ಕೈ ಒರೆಸಿಕೊಂಡು, “ಬಂದೆ ರೀ,” ಎಂದು ಹೊರಟಳು.