ತೊಟ್ಟಿಲೊಳಗಿನ ಬಾಯಿ

ಆವತ್ತು ಮುಂಜಾನೆ ಕಲ್ಲೋಳಿಯ ಮೇಲೆ ಮೋಡ ಕವುಚಿ ಬಿದ್ದಿತ್ತು. ಹನಿ ಇಲ್ಲ, ಗಾಳಿ ಇಲ್ಲ. ಮೈಗೆ ಅಂಟಿದ ಸೀರೆ ಅಂಟಿದ ಹಾಗೇ ಇತ್ತು. ಐತವಾರ ಸಾಲೆಗೆ ಸೂಟಿ. ಸಿನೆಮಾ ತೋರಿಸಲು ಅದರ ಕಿಟಕಿಗಳಿಗೆ ಕಂಬಳಿ ಬಿಗಿದು ಹಗಲನ್ನೇ ಕತ್ತಲೆ ಮಾಡಿದ್ದರು. ಕುರುಬರ ಶೆಟ್ಟೆವ್ವ ಮುಂದಿನ ಸಾಲಿನಲ್ಲಿ ಕೂತಿದ್ದಳು.

ಏಕೀಕರಣದ ಮರುವರ್ಷದ ಮಾತು. ಹುಕ್ಕೇರಿಯ ಕೇದಾರಿ ಮುಂಬಯಿಯಲ್ಲಿ ಸಿನೆಮಾದ ಕೆಲಸ ಕಲಿತು ಬಂದಿದ್ದ. ಕತೆಯಿಲ್ಲದ, ಹಾಡಿಲ್ಲದ ಸಿನೆಮಾ ತೆಗೆಯುತ್ತಿದ್ದ. ಹೋದ ತಿಂಗಳು ಶೆಟ್ಟೆವ್ವನ ಬಲಗೈಯ ಹಚ್ಚೆಯ ಚಿತ್ರ ಬೇಕೆಂದು ಬಂದ. ಮದುವೆಗೆ ಮುಂಚೆ ಅವ್ವ ಹಾಕಿಸಿದ ತೊಟ್ಟಿಲಿನ ಚಿತ್ತಾರ ಅದು. "ಇದ್ದದ್ದು ಇದ್ದಂಗ ತೋರಸ್ತೀನವ್ವಾ," ಎಂದು ಬೀರಪ್ಪ ದೇವರ ಭಂಡಾರದ ಅರಿಶಿನ ಮುಟ್ಟಿ ಮಾತು ಕೊಟ್ಟಿದ್ದ.

ಸಾಲೆಯ ಕತ್ತಲಲ್ಲಿ ಸಿನೆಮಾ ಯಂತ್ರ ಕಟಕಟ ತಿರುಗಿತು. ಗೋಡೆಯ ತುಂಬ ಅವಳ ಕೈ. ಮೊಣಕೈಗೇ ಮುಗಿದ ಕೈ. ನೋಡನೋಡುತ್ತಿದ್ದಂತೆ ಹಚ್ಚೆಯ ತೊಟ್ಟಿಲಿನೊಳಗೆ ಚರ್ಮ ಬಿರಿದಂತಾಗಿ ಒಂದು ಗಂಡಸಿನ ಬಾಯಿ ತೆರೆಯಿತು. ಎಲೆ-ಅಡಿಕೆ ಮೆಲ್ಲುತ್ತಿತ್ತು. ಹಲ್ಲಿನ ಸಂದಿಯಿಂದ ಕಪ್ಪು ಜೊಲ್ಲು ಇಳಿದು ಅವಳ ಮಣಿಕಟ್ಟಿನವರೆಗೆ ಹರಿಯಿತು.

"ಶೆಟ್ಟೆವ್ವಾ, ನಿನ್ನ ಕೈಗೆ ಹಲ್ಲ ಬಂದಾವಲ್ಲ!" ಹಿಂದಿನಿಂದ ಉದ್ದಪ್ಪ ಕೂಗಿದ. "ಇನ್ನ ಬಡದ ರೊಟ್ಟಿ ಕೈನಽ ತಿಂದ ಮುಗಸ್ತೈತಿ!"

ಸಾಲೆಗೆ ಸಾಲೆಯೇ ನಕ್ಕಿತು. ಶೆಟ್ಟೆವ್ವ ಎದ್ದಳು. ಹೊರಗೋಡಿ ಬೇವಿನ ಬುಡದಲ್ಲಿ ಕಾರಿಕೊಂಡಳು. ಬೂದಿ ಹಚ್ಚಿ ಕೈ ತಿಕ್ಕಿದಳು; ಚರ್ಮ ಕೆಂಪಾಯಿತೇ ಹೊರತು ಹೇಸಿಕೆ ಹೋಗಲಿಲ್ಲ. ನಾಳೆ ಸೋಮವಾರ, ಬೀರಪ್ಪನ ಪೂಜೆಯ ಪಾಳಿ ಅವಳ ಮನೆಯದು. ಪರರ ಎಂಜಲು ಹರಿದ ಕೈಯಿಂದ ದೇವರಿಗೆ ಭಂಡಾರ ಹಚ್ಚುವುದು ಹೇಗೆ? ಕೈಯನ್ನು ಮೈಗೆ ತಾಗದಂತೆ ದೂರ ಹಿಡಿದು ನಿಂತಳು.

ಕೇದಾರಿ ಹಿಂದೆಯೇ ಬಂದ. "ಅದು ಪ್ರಯೋಗರಿ. ಒಂದಽ ರೀಲ್ ಹಿಂದಕ್ಕ ಸುತ್ತಿ, ನಿಮ್ಮ ಕೈ ಮ್ಯಾಲ ಇನ್ನೊಂದ ಚಿತ್ರ ತಗದೀನಿ. ಬಾಯಿ ನಂದಽ. ನಿಮ್ಮ ಮೈ ಯಾವುದು, ನನ್ನ ಮೈ ಯಾವುದು, ಯಂತ್ರಕ್ಕ ಗೊತ್ತಾಗೂದಿಲ್ಲ ಅಂತ ತೋರಸಾಕ..."

"ಯಂತ್ರಕ್ಕ ಗೊತ್ತಾಗೂದಿಲ್ಲ, ಖರೆ. ನಿನಗ ಗೊತ್ತಿತ್ತಲ್ಲೋ, ತಮ್ಮಾ?"

"ಬರೇ ನೆರಳವ್ವಾ."

"ನೆರಳಾದರ ನಾ ಯಾಕ ಕಾರ್ಕೊಂಡೆ? ನಿನ್ನ ಬಾಯಿ ನೀ ಇಟ್ಕೋ. ನನ್ನ ಕೈ ನನಗ ಕೊಡು."

"ಎರಡೂ ಕೂಡ್ಯಾವರಿ, ಬ್ಯಾರೆ ಮಾಡಾಕ ಬರೂದಿಲ್ಲ. ಇದೊಂದಽ ಪ್ರತಿ. ವರ್ಷದ ದುಡಿಮಿ."

"ಭಂಡಾರ ಮುಟ್ಟಿದ್ದು ಯಾವ ಕೈಲೆ?"

ಕೇದಾರಿ ತನ್ನ ಬಲಗೈ ನೋಡಿಕೊಂಡ. ಒಳಗೆ ಹೋದ. ಉದ್ದಪ್ಪನ ನಗೆ ಇನ್ನೂ ನಿಂತಿರಲಿಲ್ಲ. ಅದರ ನಡುವೆ ಕತ್ತರಿಯ ಸದ್ದು ಎರಡು ಸಲ ಕೇಳಿತು.

ರೀಲಿನಿಂದ ಕತ್ತರಿಸಿ ಬೆರಳಿಗೆ ಸುತ್ತಿದ ಕರಿ ಸುರುಳಿ ಹಿಡಿದು ಬಂದ. ಅಷ್ಟು ಹೊತ್ತೂ ದೂರ ಹಿಡಿದಿದ್ದ ಕೈಯನ್ನೇ ಶೆಟ್ಟೆವ್ವ ಮುಂದೆ ಚಾಚಿದಳು. ಅವನು ಎರಡೂ ಕೈಯಿಂದ ಸುರುಳಿಯನ್ನು ಅದರಲ್ಲಿಟ್ಟ.