ಅಪ್ಪನ ನಡಿಗೆ

ದುರ್ಗೇಶನಿಗೆ ಹೆಸರು ಬಂದದ್ದು ಒಂದು ಹೆಣದ ಪಾತ್ರದಿಂದ. ಚಿತ್ರದುರ್ಗದ ನಾಟಕ ತಂಡದಲ್ಲಿ ಹತ್ತು ವರ್ಷ ಸಣ್ಣಪುಟ್ಟ ಪಾತ್ರ ಮಾಡಿಕೊಂಡಿದ್ದವನು ಬೆಂಗಳೂರಿನ ಒಂದು ವಿಡಿಯೋ ಗೇಮ್ ಸ್ಟುಡಿಯೋ ಸೇರಿದ. ಅಲ್ಲಿ ಮೈಗಂಟುವ ಕರಿ ಉಡುಪಿನ ತುಂಬ ಬಿಳಿ ಗುಂಡುಗಳನ್ನು ಸಿಕ್ಕಿಸಿ, ಸುತ್ತಲೂ ಕ್ಯಾಮೆರಾ ಇಟ್ಟು, ಅವನ ಚಲನೆಯನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುತ್ತಿದ್ದರು. ಪರದೆಯ ಮೇಲೆ ಅವನ ಮುಖ ಕಾಣುತ್ತಿರಲಿಲ್ಲ. ನಡಿಗೆ, ದನಿ ಮಾತ್ರ ಅವನವು.

ಗೋರಿಯಿಂದೆದ್ದು ಬರುವ ಹೆಣದ ಪಾತ್ರಕ್ಕೆ ಬೆಳಗಿನಿಂದ ಹೇಗೆ ನಡೆದರೂ ನಿರ್ದೇಶಕ ಒಪ್ಪಲಿಲ್ಲ. ಮಧ್ಯಾಹ್ನದ ಮೇಲೆ ದುರ್ಗೇಶ್ ತನ್ನ ಅಪ್ಪನಂತೆ ನಡೆದ. ಅಪ್ಪ ಮೂಡಲಗಿರಿಯಪ್ಪ ಜವನಗೊಂಡನಹಳ್ಳಿಯಲ್ಲಿ ತೆಂಗಿನಕಾಯಿ ಕೀಳುತ್ತಿದ್ದವನು. ಮರದಿಂದ ಬಿದ್ದ ಮೇಲೆ ಬಲಗಾಲು ಎಳೆಯುತ್ತಿದ್ದ, ಹೆಜ್ಜೆಗೊಮ್ಮೆ ಗಂಟಲಲ್ಲೇ ನರಳುತ್ತಿದ್ದ. ಆ ಕಾಲು, ಆ ನರಳಿಕೆ ಎರಡನ್ನೂ ಮಗ ಹಾಗೆಯೇ ಮಾಡಿ ತೋರಿಸಿದ. ಎಲ್ಲರೂ ಚಪ್ಪಾಳೆ ತಟ್ಟಿದರು. ಆಮೇಲೆ ನಾಲ್ಕು ಕಂಪನಿಗಳು ಅದೇ ನಡಿಗೆಗೆಂದು ಅವನನ್ನು ಕರೆದವು.

ಗೇಮ್ ಬಿಡುಗಡೆಯಾದ ವಾರ ಅವನು ಊರಿಗೆ ಬಂದಾಗ, ತಂಗಿಯ ಗಂಡ ಚಂದ್ರು ಹೆಮ್ಮೆಯಿಂದ ಮೊಬೈಲನ್ನು ಮಾವನ ಮುಂದೆ ಹಿಡಿದ. ಹೆಣ ಕಾಲೆಳೆಯುತ್ತ ಬಂತು, ನರಳಿತು. ಚಂದ್ರು ಬೆರಳಾಡಿಸಿ ಅದಕ್ಕೆ ಬೆಂಕಿ ಹಚ್ಚಿದ. ಮೂಡಲಗಿರಿಯಪ್ಪ ಇನ್ನೊಮ್ಮೆ ತೋರಿಸಲು ಹೇಳಿ, ಮಗನ ಕಡೆ ತಿರುಗಿದ.

“ಇದು ನನ್ ಕಾಲಲ್ವೇನಪ್ಪ?”

“ಇಲ್ಲಪ್ಪ, ಕಂಪ್ಯೂಟರ್ ಮಾಡಿದ್ದು” ಎಂದ ದುರ್ಗೇಶ್.

ಅಲ್ಲಿಂದಾಚೆ ಮಗ ಮನೆಯಲ್ಲಿರುವಷ್ಟು ಹೊತ್ತು ಅಪ್ಪ ಮಂಚ ಬಿಟ್ಟು ಏಳುತ್ತಿರಲಿಲ್ಲ. ವಯಸ್ಸಾಯಿತೆಂದು ದುರ್ಗೇಶ್ ಅಂದುಕೊಂಡ. ಒಂದು ಸಂಜೆ ತಾಯಿ ತಿಪ್ಪಕ್ಕ ಅವನನ್ನು ಹಿತ್ತಲಿಗೆ ಕರೆದಳು.

“ಎಲ್ಲಾರ ಹೊರಗೆ ಹೋಗಿ ಬಾರಪ್ಪ. ನಿಮ್ಮಪ್ಪ ಬೆಳಗ್ಗಿಂದ ಬಚ್ಚಲಿಗೂ ಹೋಗಿಲ್ಲ. ನೀನು ನೋಡ್ತೀಯ ಅಂತ ಏಳಲ್ಲ.”

ದುರ್ಗೇಶ್ ಹೆದ್ದಾರಿವರೆಗೂ ನಡೆದುಹೋಗಿ ಕತ್ತಲಾಗುವ ತನಕ ಕುಳಿತಿದ್ದ. ತಪ್ಪಾಯಿತು ಎನ್ನಬೇಕೆನಿಸಿತು, ನಾಚಿಕೆ ಬಿಡಲಿಲ್ಲ.

ಎರಡು ತಿಂಗಳ ಮೇಲೆ ಮತ್ತೆ ಬಂದಿದ್ದಾಗ, ಒಳಕೋಣೆಯ ಬಾಗಿಲಿನಿಂದ ಅವನಿಗೆ ಅಪ್ಪ ಕಂಡ. ಹಲ್ಲು ಕಚ್ಚಿ, ನರಳದೆ, ಕಾಲೆಳೆಯದೆ ನಡೆಯಲು ಹೆಣಗುತ್ತಿದ್ದ. ದುರ್ಗೇಶ್ ಓಡಿ ಹೋಗುವಷ್ಟರಲ್ಲಿ ಅಪ್ಪ ಬಚ್ಚಲ ಹೊಸ್ತಿಲ ಬಳಿ ಬಿದ್ದುಬಿಟ್ಟ. ಸೊಂಟ ಮುರಿಯಿತು.

ಚಿತ್ರದುರ್ಗದ ಆಸ್ಪತ್ರೆಯಲ್ಲಿ ಎದೆಗೆ ಕಫ ಕಟ್ಟಿತು. ನಾಲ್ಕನೆಯ ದಿನ ದುರ್ಗೇಶ್ ಅಪ್ಪನ ಪಾದ ಹಿಡಿದು, “ಅವತ್ತು ಸುಳ್ಳು ಹೇಳ್ದೆ ಕಣಪ್ಪ. ಅದು ನಿನ್ ಕಾಲೇ” ಎಂದ.

“ಗೊತ್ತೈತೆ ಬಿಡು” ಎಂದ ಮೂಡಲಗಿರಿಯಪ್ಪ. ಉಸಿರು ಸಿಕ್ಕ ಮೇಲೆ ಮತ್ತೆ ಹೇಳಿದ: “ಸುಡೋದೊಂದು ಬ್ಯಾಡಾಗಿತ್ತು.”

ಮರುದಿನ ತೀರಿಕೊಂಡ.

ತಿಂಗಳಾಗುವಷ್ಟರಲ್ಲಿ ಸ್ಟುಡಿಯೋದವರು ಗೇಮಿನ ಎರಡನೆಯ ಭಾಗಕ್ಕೆ ಕರೆದರು. ಆ ನಡಿಗೆ ಇನ್ನು ಮಾಡಲಾರೆ, ಹಳೆಯದನ್ನೂ ಅಳಿಸಿಬಿಡಿ ಎಂದು ದುರ್ಗೇಶ್ ಬೇಡಿಕೊಂಡ. ಅವನು ಬರದಿದ್ದರೂ ನಡೆಯುತ್ತದೆ, ಹಿಂದೆ ಇಳಿಸಿಕೊಂಡದ್ದೆಲ್ಲ ತಮ್ಮದೇ, ಅದೇ ಸಾಕು ಎಂದು ಅವರು ಸಮಾಧಾನವಾಗಿಯೇ ತಿಳಿಸಿದರು. ಯುಗಾದಿಯ ಹೊತ್ತಿಗೆ ಎರಡನೆಯ ಭಾಗ ಬಂತು.

ದುರ್ಗೇಶ್ ಈಗ ಬೀಜ, ಗೊಬ್ಬರದ ಜಾಹೀರಾತುಗಳಿಗೆ ದನಿ ಕೊಡುತ್ತಾನೆ. ಆ ನಡಿಗೆ ಒಲ್ಲೆನೆಂದ ಮೇಲೆ ಅಭಿನಯಕ್ಕೆ ಯಾರೂ ಕರೆಯುವುದಿಲ್ಲ. ಕರೆದರೂ ಹೋಗಲಾರೆ ಎಂದು ತಾಯಿಗೆ ಹೇಳಿದ್ದಾನೆ.