ಅಣ್ಣ ವಚನ ಹೇಳದ ಸೋಮವಾರ

ಕೆಂಗೇರಿಯ ಮನೆಯ ಪಕ್ಕದ ಗೇಟಿಗೆ ಬೀಗವಿರಲಿಲ್ಲ. ಜಗದಾಂಬಾ ಮೊದಲು ನೋಡಿದ್ದು ಅದನ್ನೇ.

"ನೋಡಿದ್ರಾ ಅಮ್ಮ, ನಿಮ್ಮಣ್ಣ ಹೆಂಗೆ ದಾರಿಗೆ ಬಂದ್ರು?" ಎಂದ ಜೊತೆಗೆ ಬಂದಿದ್ದ ವಕೀಲ ಮುರಳೀಕೃಷ್ಣ. "ಆರ್ಡರ್ ಆದಾಗ ಕ್ಯಾರೇ ಅನ್ಲಿಲ್ಲ. ನ್ಯಾಯಾಂಗ ನಿಂದನೆ ಅಂತ ಕೇಸ್ ಹಾಕಿದ್ದೇ ತಡ, ಬೀಗ ಮಾಯ!"

ಮನೆಯ ಹಿಂದೆ ಅಪ್ಪ ಅವ್ವನ ಸಮಾಧಿ. ಸುತ್ತ ಇನ್ನೂ ಹೊಲವಿದ್ದ ಕಾಲದಲ್ಲಿ ಅಲ್ಲೇ ಮಣ್ಣು ಮಾಡಿದ್ದರು. ತಂಗಿ ಆಸ್ತಿಯಲ್ಲಿ ಪಾಲು ಕೇಳಿದಾಗ ಅಣ್ಣ ಚನ್ನವೀರಪ್ಪ ಅಲ್ಲಿಗೆ ಹೋಗುವ ಈ ಗೇಟಿಗೆ ಬೀಗ ಜಡಿದ. ಸೋಮವಾರದ ಪೂಜೆಗೆ ಅಡ್ಡಿ ಮಾಡಕೂಡದೆಂದು ಕೋರ್ಟು ಹೇಳಿದರೂ ತೆಗೆಯಲಿಲ್ಲ. ನಾಳೆ ಮತ್ತೆ ವಿಚಾರಣೆ. ಆದೇಶ ಪಾಲನೆಯಾಗಿದೆಯೋ ಇಲ್ಲವೋ ಎಂದು ಅವಳು ಹೇಳಬೇಕು. ಇಲ್ಲವೆಂದರೆ ಅಣ್ಣನಿಗೆ ಜೈಲೂ ಆಗಬಹುದು.

ಆ ಮನೆಯ ಪೂಜೆಗೊಂದು ಪದ್ಧತಿಯಿತ್ತು. ಅಪ್ಪ ವಚನ ಹೇಳುವುದು, ಒಂದೊಂದು ಮುಗಿದಾಗಲೂ ಅವಳು ಒಂದು ಪತ್ರೆ ಏರಿಸುವುದು. ಅಪ್ಪನ ನಂತರ ಅಣ್ಣ ಹೇಳುತ್ತಿದ್ದ. ಅವಳದು ಯಾವತ್ತೂ ಕೇಳುವ ಕೆಲಸವೇ. ಕಾಮಾಕ್ಷಿಪಾಳ್ಯದ ಬಾಡಿಗೆ ಮನೆಯಲ್ಲಿ ಒಬ್ಬಳೇ ಇರುವ ಅವಳಿಗೆ ಬೇಕಾಗಿದ್ದದ್ದು ಗೇಟಿಗಿಂತ ಆ ದನಿ.

ಸಮಾಧಿಯ ಕಲ್ಲು ತೊಳೆದು, ವಿಭೂತಿ ಹಚ್ಚಿ, ಕೈಯಲ್ಲಿ ಬಿಲ್ವಪತ್ರೆ ಹಿಡಿದು ನಿಂತಳು. ತೆರೆದ ಕಿಟಕಿಯೊಳಗೆ ಅಣ್ಣ ಕುರ್ಚಿಯಲ್ಲಿ ಕೂತಿದ್ದ.

"ಅಣ್ಣಾ, ಬಾ. ಒಂದೇ ಒಂದು ವಚನ ಹೇಳು."

"ಗೇಟ್ ತೆಗಿ ಅಂದ್ರು, ತೆಗ್ದಿದೀನಿ. ವಚನ ಹೇಳು ಅಂತ ಯಾವ ಜಡ್ಜೂ ಬರ್ದಿಲ್ಲ."

"ಅಯ್ಯೋ, ಅದನ್ನೂ ಸೇರಿಸಿ ಕೇಳ್ಬೇಕಿತ್ತು ನೋಡಿ ನಾವು," ಎಂದು ವಕೀಲ ನಕ್ಕ.

ಜಗದಾಂಬಾ ತಾನೇ ಶುರು ಮಾಡಿದಳು. ಕಿವಿಗೆ ಗೊತ್ತಿದ್ದದ್ದು ನಾಲಿಗೆಗೆ ಗೊತ್ತಿರಲಿಲ್ಲ. ಮೂರು ಸಾಲು ಬಂದವು, ನಾಲ್ಕನೆಯದು ತಪ್ಪಿತು. ಯಾರಾದರೂ ವಚನ ತಪ್ಪಿದರೆ ಅಣ್ಣ ಸುಮ್ಮನಿದ್ದವನಲ್ಲ. ಊಟದ ನಡುವೆಯೂ ಅಡುಗೆಮನೆಯಿಂದಲೇ ಕೂಗಿ ತಿದ್ದುತ್ತಿದ್ದ. ಅವಳು ಕಾದಳು. ಅದೇ ತಪ್ಪು ಸಾಲನ್ನು ಇನ್ನಷ್ಟು ಗಟ್ಟಿಯಾಗಿ ಹೇಳಿದಳು.

ಅಣ್ಣ ಎದ್ದು ಕಿಟಕಿಗೆ ಬಂದ. ತುಟಿ ಅಲುಗಿದಂತೆ ಕಂಡಿತು. ಆಮೇಲೆ ಕಿಟಕಿಯ ಬಾಗಿಲುಗಳನ್ನು ಒಂದೊಂದಾಗಿ ಎಳೆದುಕೊಂಡು ಚಿಲಕ ಹಾಕಿದ.

ಅವಳು ಅರ್ಧ ವಚನಕ್ಕೇ ಪತ್ರೆ ಏರಿಸಿದಳು.

"ನಾಳೆ ಏನಂತ ಹೇಳ್ತೀರಮ್ಮ?"

"ಹೇಳಿದ್ದನ್ನ ಮಾಡಿದಾನೆ ಅಂತ."

"ಹಂಗಾದ್ರೆ ಕೇಸ್ ಮುಗೀತು. ಇನ್ಮೇಲೆ ನೀವಿಬ್ರೂ ಕೋರ್ಟಿಗೆ ಓಡಾಡೋದು ತಪ್ತು. ನೆಮ್ಮದಿಯಾಗಿರಿ."

ಕೋರ್ಟಿನ ಒಂದೇ ಬೆಂಚಿನ ಎರಡು ತುದಿಗಳಲ್ಲಿ ಕೂತಾಗ, ಅಣ್ಣ ಕೆಮ್ಮುವುದಾದರೂ ಕೇಳುತ್ತಿತ್ತು.

"ಹೂಂ," ಎಂದು ಜಗದಾಂಬಾ ಚಪ್ಪಲಿ ಮೆಟ್ಟಿದಳು.